ಜಾವಾದ ಬಾಟಿಕ್: ಪದೇ ಪದೇ ಕೇಳುವ ಪ್ರಶ್ನೆಗಳು

ಇಂಡೊನೇಷ್ಯಾಕ್ಕೆ ಹೊರಟವರು, ಅಲ್ಲಿಂದ ಬಟ್ಟೆ ತಂದವರು, ಮನೆಯಲ್ಲೇ ಮೇಣ ಕಾಯಿಸಿ ಕೈಸುಟ್ಟುಕೊಂಡವರು, ಯುನೆಸ್ಕೊ ಪಟ್ಟಿಯ ಸುದ್ದಿ ಓದಿ ಗೊಂದಲಗೊಂಡವರು ಕೇಳುತ್ತಿರುವ ಪ್ರಶ್ನೆಗಳು ಇವು. ಕೇಳಿದವರ ಮಾತಿನಲ್ಲೇ ಇಟ್ಟಿದ್ದೇವೆ. ಸಲೀಸಾದವು ಮೊದಲು, ಜಗಳಕ್ಕೆ ದಾರಿಯಾಗುವವು ಕೊನೆಗೆ.

## ಮೊದಲು ತಿಳಿಯಬೇಕಾದದ್ದು

ಬಾಟಿಕ್ ಅಂದ್ರೆ ಡಿಸೈನಾ, ಬಟ್ಟೆನಾ, ಬಣ್ಣ ಹಾಕೋ ರೀತಿನಾ?

ಬಣ್ಣ ಹಾಕುವ ರೀತಿ. ಬಟ್ಟೆಯ ಯಾವ ಭಾಗಕ್ಕೆ ಬಣ್ಣ ಹತ್ತಬಾರದೋ ಅಲ್ಲಿಗೆ ಬಿಸಿ ಮೇಣ ಬಳಿದು, ಬಣ್ಣದ ನೀರಿನಲ್ಲಿ ಅದ್ದಿ, ಆಮೇಲೆ ಮೇಣವನ್ನು ಕುದಿಸಿ ತೆಗೆಯುತ್ತಾರೆ. ಮೇಣ ಮುಟ್ಟದ ಬಟ್ಟೆ ಎಷ್ಟೇ ಚೆನ್ನಾಗಿದ್ದರೂ ಬಾಟಿಕ್ ಅಲ್ಲ. ಇಂಡೊನೇಷ್ಯಾದ ರಾಷ್ಟ್ರೀಯ ಮಾನದಂಡ ಸಂಸ್ಥೆ 2014ರಲ್ಲಿ ಕೊಟ್ಟ ವ್ಯಾಖ್ಯೆಯೂ ಇದನ್ನೇ ಹೇಳುತ್ತದೆ: ಕೈಕೆಲಸವಾಗಿರಬೇಕು, ಬಿಸಿ ಮೇಣದಿಂದ ಬಣ್ಣ ತಡೆದಿರಬೇಕು, ಮೇಣ ಹಾಕುವ ಸಾಧನ ಚಾಂಟಿಂಗ್ (ಬಿಸಿ ಮೇಣ ಬಿಡುವ ಪೆನ್ನಿನಂಥ ಸಾಧನ) ಅಥವಾ ತಾಮ್ರದ ಅಚ್ಚು ಆಗಿರಬೇಕು. ಯಂತ್ರದಲ್ಲಿ ಮುದ್ರಿಸಿದ್ದಕ್ಕೆ ಅಲ್ಲಿ ‘ಬಾಟಿಕ್ ಮಾದರಿಯ ಬಟ್ಟೆ’ ಅನ್ನುವುದೇ ಸರಿಯಾದ ಮಾತು. ಅಂಗಡಿಯಲ್ಲಿ ಮಾತ್ರ ಯಾರೂ ಹಾಗೆ ಹೇಳುವುದಿಲ್ಲ.

ಅಂಗಡಿಯವರು ತುಲಿಸ್, ಚಾಪ್, ಪ್ರಿಂಟ್ ಅಂತಾರೆ. ಬೆಲೆ ಅಷ್ಟೊಂದು ಹೆಚ್ಚುಕಮ್ಮಿ ಯಾಕೆ?

ತುಲಿಸ್ ಅಂದರೆ ಚಾಂಟಿಂಗ್ ಹಿಡಿದು ಗೆರೆ ಗೆರೆಯಾಗಿ ಮೇಣ ಬಿಟ್ಟದ್ದು. ಎರಡೂವರೆ ಮೀಟರಿನ ಒಂದು ಉದ್ದಬಟ್ಟೆಗೆ ಒಂದು ತಿಂಗಳಿಂದ ಹಲವು ತಿಂಗಳವರೆಗೆ ಹಿಡಿಯುತ್ತದೆ. ಚಾಪ್ ಅಂದರೆ ತಾಮ್ರದ ಪಟ್ಟಿಗಳನ್ನು ಬಗ್ಗಿಸಿ ಬೆಸೆದ ಅಚ್ಚಿನಿಂದ ಮೇಣ ಒತ್ತಿದ್ದು. ಈ ಅಚ್ಚು ಹತ್ತೊಂಬತ್ತನೇ ಶತಮಾನದ ನಡುಭಾಗದಲ್ಲಿ ಬಳಕೆಗೆ ಬಂತು. ಚಾಂಟಿಂಗ್ ಹೆಂಗಸರ ಕೆಲಸವಾದರೆ ಅಚ್ಚು ಹೆಚ್ಚಾಗಿ ಗಂಡಸರದು. ತಿಂಗಳುಗಟ್ಟಲೆಯ ಮೇಣದ ಕೆಲಸ ಅಚ್ಚಿನಿಂದಾಗಿ ಗಂಟೆಗಳ ಲೆಕ್ಕಕ್ಕೆ ಇಳಿಯಿತು. ಪ್ರಿಂಟಿನಲ್ಲಿ ಮೇಣವೇ ಇಲ್ಲ, ಬಣ್ಣವನ್ನು ನೇರವಾಗಿ ಬಟ್ಟೆಗೆ ಒತ್ತುತ್ತಾರೆ. ಅಚ್ಚಿನಲ್ಲಿ ಹೊರಗೆರೆ ಹಾಕಿ ಒಳಗಿನ ಚುಕ್ಕಿಗಳನ್ನು ಕೈಯಲ್ಲಿ ತುಂಬಿದ ‘ಕೊಂಬಿನಾಸಿ’ ಎಂಬ ನಾಲ್ಕನೆಯ ಬಗೆಯೂ ಇದೆ. ಹೆಚ್ಚು ಖರ್ಚು ಮಾಡಲಾಗದವರಿಗೆ ನಮ್ಮ ಸಲಹೆ ಅದೇ.

ನಮ್ಮ ಕರಕುಶಲ ಮೇಳಗಳಲ್ಲಿ ಬಿರುಕು ಬಿರುಕಾಗಿ ಕಾಣೋ ಬಾಟಿಕ್ ಸೀರೆ ಬರುತ್ತಲ್ಲ, ಅದೂ ಇದೇ ತಾನೆ?

ವಿಧಾನದ ಬೇರು ಒಂದೇ, ಅಭಿರುಚಿ ಬೇರೆ. ರವೀಂದ್ರನಾಥ ಠಾಕೂರರು 1927ರಲ್ಲಿ ಜಾವಾ, ಬಾಲಿ ಸುತ್ತಿ ಬಂದರು. ಆ ನಂಟಿನಿಂದ ಬಾಟಿಕ್ ಶಾಂತಿನಿಕೇತನದಲ್ಲಿ ಬೇರೂರಿ, ಅಲ್ಲಿಂದ ದೇಶದ ಉಳಿದ ಕಡೆಗೂ ಹರಡಿತು. ಮೇಣದಲ್ಲಿ ಪ್ಯಾರಫಿನ್ ಹೆಚ್ಚಿದ್ದು, ಬಟ್ಟೆಯನ್ನು ಮುದುಡಿ ಬಣ್ಣಕ್ಕೆ ಅದ್ದಿದರೆ ಮೇಣ ಒಡೆದು ಸಂದಿಯೊಳಗೆ ಬಣ್ಣ ನುಗ್ಗುತ್ತದೆ. ಇಲ್ಲಿ ನಾವು ಅದನ್ನು ಬಾಟಿಕ್‌ನ ಗುರುತು ಅಂದುಕೊಂಡಿದ್ದೇವೆ. ಮಧ್ಯ ಜಾವಾದ ಅರಮನೆಯ ಊರುಗಳಾದ ಸೋಲೊ, ಯೋಗ್ಯಕರ್ತಾದ ಹಳೆಯ ಕೈಗಳಿಗೆ ಬಿರುಕು ಅಂದರೆ ಕೆಲಸ ಕೆಟ್ಟಿತು ಅಂತಲೇ ಅರ್ಥ.

ಎಲ್ಲ ನಮ್ಮ ದೇಶದಿಂದಲೇ ಹೋಗಿದ್ದು ಅಂತಾರೆ. ನಿಜವಾ?

ಬಟ್ಟೆ ಹೋಗಿದ್ದು ನಿಜ. ಗುಜರಾತಿನ ಪಟೋಲ ಜಾವಾದ ಅರಮನೆಗಳಲ್ಲಿ ಅಪರೂಪದ ವಸ್ತುವಾಗಿತ್ತು. ಜಾವಾದ ಉತ್ತರ ಕರಾವಳಿಯ ಪೆಕಲೋಂಗನ್‌ನ ಜ್ಲಾಂಪ್ರಾಂಗ್ ಡಿಸೈನ್ ಪಟೋಲದ ನೇರ ನೆರಳು. ಸರೋಂಗಿನ ನಡುಪಟ್ಟಿಯಲ್ಲಿ ಎದುರುಬದುರು ನಿಂತ ತ್ರಿಕೋನಗಳ ಸಾಲು ಕೋರಮಂಡಲ ಕರಾವಳಿಯ ಬಟ್ಟೆಗಳಿಂದ ಬಂದದ್ದು. ಆದರೆ ಬಿಸಿ ಮೇಣವನ್ನು ಕೂದಲೆಳೆಯ ಗೆರೆಯಾಗಿ ಬಿಡುವ ಚಾಂಟಿಂಗ್ ಜಾವಾದವರ ಬುದ್ಧಿ. ಆ ಮಟ್ಟದ ಸೂಕ್ಷ್ಮವನ್ನು ಬೇರೆಲ್ಲೂ ಮುಟ್ಟಲಿಲ್ಲ. ಎಲ್ಲದಕ್ಕೂ ‘ನಮ್ಮದೇ’ ಅನ್ನುವ ಚಟ ಇಲ್ಲಿ ಬೇಡ.

## ಮಾಡುವ ಬಗೆ

ಒಂದು ಬಟ್ಟೆ ಮೊದಲಿಂದ ಕೊನೆವರೆಗೆ ಹೇಗೆ ಆಗುತ್ತೆ? ಹಂತಗಳನ್ನ ಬಿಡಿಸಿ ಹೇಳಿ.

ಸೋಲೊ ಮತ್ತು ಯೋಗ್ಯಕರ್ತಾದ ನೀಲಿ, ಕಂದು, ಬಿಳಿಯ ಹಳೆಯ ಪದ್ಧತಿ ಹೀಗಿದೆ. ಮೋರಿ ಎಂಬ ನಯವಾದ ಬಿಳಿ ಹತ್ತಿಬಟ್ಟೆಯನ್ನು ಮೊದಲು ಒಗೆದು ಗಿರಣಿಯ ಗಂಜಿ ತೆಗೆಯಬೇಕು. ಇದರಲ್ಲಿ ಪ್ರೀಮಿಸ್ಸಿಮಾ ಎಲ್ಲಕ್ಕಿಂತ ಮೇಲಿನ ದರ್ಜೆ, ಪ್ರೀಮಾ ಅದರ ಕೆಳಗಿನದು. ಗಂಜಿ ಉಳಿದ ಕಡೆ ಬಣ್ಣ ಕಚ್ಚುವುದಿಲ್ಲ. ಮತ್ತೆ ತೆಳುವಾಗಿ ಗಂಜಿ ಹಾಕಿ, ಮಡಿಸಿ, ಮರದ ಕೊಡತಿಯಿಂದ ಬಡಿದು ಮಟ್ಟಸ ಮಾಡುತ್ತಾರೆ. ಈ ತೆಳು ಗಂಜಿಯಿಂದ ಮೇಣ ಎಳೆಯೊಳಗೆ ಅತಿಯಾಗಿ ಇಳಿಯದೆ, ಕೊನೆಗೆ ಸುಲಭವಾಗಿ ಬಿಡುತ್ತದೆ.

ಪೆನ್ಸಿಲಿನಲ್ಲಿ ಚಿತ್ರ ಗುರುತು ಮಾಡಿ, ಬಟ್ಟೆಯನ್ನು ಗವಾಂಗನ್ ಎಂಬ ಮರದ ಚೌಕಟ್ಟಿಗೆ ಇಳಿಬಿಟ್ಟು, ಗಿಡ್ಡ ಮಣೆಯ ಮೇಲೆ ಕೂತು ಹೊರಗೆರೆಗೆ ಮೇಣ ಬಿಡುತ್ತಾರೆ. ಚಾಂಟಿಂಗ್‌ನಲ್ಲಿ ಹಿಡಿ, ಮೇಣ ತುಂಬಿಕೊಳ್ಳುವ ತಾಮ್ರದ ಪುಟ್ಟ ಬಟ್ಟಲು, ಅದರ ಬಾಗಿದ ಮೂತಿ ಎಂದು ಮೂರು ಭಾಗ. ಚುಕ್ಕಿಗೆ, ಗೆರೆಗೆ, ಅಗಲ ಜಾಗ ತುಂಬಲು ಬೇರೆ ಬೇರೆ ಅಳತೆಯ ಮೂತಿಗಳಿವೆ. ಮುಂಭಾಗ ಮುಗಿದ ಮೇಲೆ ಬಟ್ಟೆ ತಿರುಗಿಸಿ ಹಿಂದೆಯೂ ಅದೇ ಗೆರೆಗಳ ಮೇಲೆ ಮೇಣ ಹಾಕಬೇಕು. ಕೆಲಸದ ಅರ್ಧ ಬೇಸರ ಇಲ್ಲೇ ಇದೆ. ಕಳ್ಳಾಟ ನಡೆಯುವುದೂ ಇಲ್ಲೇ.

ಬಿಳಿಯಾಗಿ ಉಳಿಯಬೇಕಾದ ಜಾಗಕ್ಕೆ ದಪ್ಪ ಮೇಣ ಬಳಿದು ನೀಲಿಗೆ ಅದ್ದುತ್ತಾರೆ. ಆಮೇಲೆ ಕಂದು ಬರಬೇಕಾದ ಗೆರೆಗಳ ಮೇಣವನ್ನು ತಗಡಿನ ಅಲಗಿನಿಂದ ಕೆರೆದು ತೆಗೆದು, ನೀಲಿಯಾಗಿಯೇ ಉಳಿಯಬೇಕಾದಲ್ಲಿ ಹೊಸ ಮೇಣ ಹಾಕಿ, ಸೋಗ ಎಂಬ ಕಂದು ಬಣ್ಣಕ್ಕೆ ಇಳಿಸುತ್ತಾರೆ. ನೀಲಿಯ ಮೇಲೆ ಕಂದು ಬಿದ್ದ ಕಡೆ ಕಪ್ಪಾಗುತ್ತದೆ. ಕೊನೆಗೆ ಸೋಡಾಪುಡಿ ಹಾಕಿದ ಕುದಿನೀರಿನಲ್ಲಿ ಎತ್ತಿ ಇಳಿಸಿ ಮೇಣ ಬಿಡಿಸುವುದು. ತೇಲಿ ಬಂದ ಮೇಣವನ್ನು ಎಸೆಯುವುದಿಲ್ಲ. ಸೋಸಿ, ದಪ್ಪಬಳಿತದ ಮೇಣಕ್ಕೆ ಸೇರಿಸುತ್ತಾರೆ.

ಬರೀ ಜೇನುಮೇಣ ಹಾಕಿದ್ರೆ ಸಾಲದಾ? ಯಾಕೆ ಅಷ್ಟೊಂದು ಬೆರಕೆ?

ಒಂದೊಂದು ವಸ್ತುವಿಗೂ ಒಂದೊಂದು ಕೆಲಸ. ಜೇನುಮೇಣ ಬಾಗುತ್ತದೆ, ಒಡೆಯುವುದಿಲ್ಲ, ಆದರೆ ದುಬಾರಿ. ಪ್ಯಾರಫಿನ್ ಅಗ್ಗ, ಬೇಗ ಬಿಡುತ್ತದೆ, ಆದರೆ ಒಡೆಯುತ್ತದೆ. ಗೊಂದೊರುಕೆಂ ಎಂಬ ಪೈನ್ ಮರದ ರಾಳ ಬಟ್ಟೆಗೆ ಅಂಟಿ ಹಿಡಿಯುತ್ತದೆ, ಗೆರೆಯ ಅಂಚು ಚೂಪಾಗಿಸುತ್ತದೆ. ಕೊಬ್ಬು ಬೇಗ ಕರಗಿಸುತ್ತದೆ. ಹೊರಗೆರೆಯ ಮೇಣ ಮುಂದೆ ಕೆರೆದರೆ ಏಳಬೇಕು, ದಪ್ಪಬಳಿತದ್ದು ಕೊನೆಯವರೆಗೂ ಅಲುಗಬಾರದು. ಹಾಗಾಗಿ ಎರಡಕ್ಕೂ ಒಂದೇ ಬೆರಕೆ ಆಗದು. ಒಂದೊಂದು ಮನೆತನ ತನ್ನ ಬೆರಕೆಯ ಪ್ರಮಾಣವನ್ನು ಗುಟ್ಟಾಗಿ ಇಟ್ಟುಕೊಳ್ಳುವುದೂ ಇದಕ್ಕೇ. ಕಲಿಯುವವರು ಜೇನುಮೇಣ, ಪ್ಯಾರಫಿನ್ ಸಮಪಾಲು ಹಾಕಿ, ಅದಕ್ಕೆ ಕಾಲು ಪಾಲು ರಾಳ ಸೇರಿಸಿ ಶುರುಮಾಡಬಹುದು.

ಬಣ್ಣ ಗಿಡದ್ದಾ, ಕೆಮಿಕಲ್ಲಾ?

ಇವತ್ತು ಬಹುಪಾಲು ಕೆಮಿಕಲ್. ಜೇನುಮೇಣ 62–65 ಡಿಗ್ರಿ ಸೆಲ್ಸಿಯಸ್ ಸುಮಾರಿಗೆ ಕರಗುವುದರಿಂದ ಬಿಸಿ ನೀರಿನ ಬಣ್ಣಗಳು ಬಾಟಿಕ್‌ಗೆ ಒಗ್ಗುವುದೇ ಇಲ್ಲ. ತಣ್ಣೀರಿನಲ್ಲೇ ಕಚ್ಚುವ ಬಣ್ಣ ಬೇಕು. ಹಳೆಯ ಕಾಲದಲ್ಲಿ ನೀಲಿ ಗಿಡ ಅದಕ್ಕೇ ಒದಗಿತು: ಸುಣ್ಣ, ತಾಳೆಬೆಲ್ಲ ಹಾಕಿ ಹುದುಗಿಸಿದ ತೊಟ್ಟಿಯಿಂದ ಬಟ್ಟೆ ಹಸಿರಾಗಿ ಮೇಲೇಳುತ್ತದೆ, ಗಾಳಿ ತಾಗಿದಂತೆ ನೀಲಿಯಾಗುತ್ತದೆ. ಕಡುನೀಲಿ ಬೇಕೆಂದರೆ ಅದ್ದಿ ಆರಿಸುವುದನ್ನು ಮತ್ತೆ ಮತ್ತೆ ಮಾಡಬೇಕು.

ಸೋಗ ಕಂದಿಗೆ ಮೂರು ಮರ: ತಿಂಗಿ ಎಂಬ ಕಾಂಡ್ಲಾ ಜಾತಿಯ ತೊಗಟೆ, ತೆಗೆರನ್ ಕಟ್ಟಿಗೆ, ಜಂಬಾಲ್ ತೊಗಟೆ. ಈ ಜಂಬಾಲ್ ಬೆಂಗಳೂರಿನವರಿಗೆ ಹೊಸದಲ್ಲ. ಬೇಸಿಗೆಯಲ್ಲಿ ರಸ್ತೆ ತುಂಬ ಹಳದಿ ಹೂ ಉದುರಿಸುವ ಕಾಪರ್‌ಪಾಡ್ ಮರವೇ ಅದು.

ಈಗಿನ ತಣ್ಣೀರು ಬಣ್ಣಗಳಲ್ಲಿ ನಾಫ್ತಾಲ್, ಇಂಡಿಗೊಸಾಲ್, ರೆಮಜಾಲ್ ಮುಖ್ಯ. ನಾಫ್ತಾಲ್‌ಗೆ ಎರಡು ಸ್ನಾನ. ಎರಡನೆಯದಕ್ಕೆ ಇಳಿದಾಗಲೇ ಬಣ್ಣ ಏಳುವುದು. ಇಂಡಿಗೊಸಾಲ್ ಮೆದು ಬಣ್ಣ. ಬಿಸಿಲು ಮತ್ತು ಆಮ್ಲದಿಂದ ಅರಳುತ್ತದೆ. ರೆಮಜಾಲ್ ಕುಂಚದಲ್ಲಿ ಬಳಿದು, ವಾಟರ್‌ಗ್ಲಾಸ್ ಎಂಬ ಸಿಲಿಕೇಟ್ ದ್ರವ ಹಚ್ಚಿ ಗಂಟೆಗಟ್ಟಲೆ ಬಿಟ್ಟು ಕಚ್ಚಿಸುವಂಥದು. ಅದನ್ನು ಜಾರುವಿಕೆ ಹೋಗುವವರೆಗೆ ತೊಳೆಯದಿದ್ದರೆ ಬಟ್ಟೆ ಅಟ್ಟೆಯಂತಾಗುತ್ತದೆ.

ಮನೆಯಲ್ಲಿ ಟ್ರೈ ಮಾಡಿದೆ. ಕೆಲವು ಕಡೆ ಗೆರೆ ಹರಡಿತು, ಕೆಲವು ಕಡೆ ಮೇಣದ ಕೆಳಗೇ ಬಣ್ಣ ನುಗ್ಗಿತು. ತಪ್ಪೆಲ್ಲಿ?

ಎರಡೂ ಬಿಸಿಯ ತಪ್ಪು. ಮೇಣ ಅತಿಯಾಗಿ ಕಾದರೆ ನೀರಿನಂತೆ ಹರಡುತ್ತದೆ, ಮೂತಿಯಿಂದ ತೊಟ್ಟಿಕ್ಕುತ್ತದೆ. ತಣ್ಣಗಾದರೆ ಬಟ್ಟೆಯ ಮೇಲೆ ಕೂತಿರುತ್ತದೆಯೇ ಹೊರತು ಎಳೆಯೊಳಗೆ ಇಳಿಯದು. ಬಣ್ಣ ಅದರಡಿ ನುಸುಳುತ್ತದೆ. ಸರಿಯಾಗಿ ಬಿದ್ದ ಗೆರೆ ಒದ್ದೆಯಾದಂತೆ ಪಾರದರ್ಶಕವಾಗಿ ಕಾಣುತ್ತದೆ, ಬಟ್ಟೆಯ ಹಿಂಬದಿಗೂ ಮೂಡುತ್ತದೆ. ಬೆಳ್ಳಗೆ ಉಬ್ಬಿ ನಿಂತರೆ ಮೇಣ ಆರಿದೆ, ಚಾಂಟಿಂಗನ್ನು ಬಾಣಲೆಗೆ ಮರಳಿಸಿ. ಬಟ್ಟಲನ್ನು ಅರ್ಧಕ್ಕಿಂತ ಹೆಚ್ಚು ತುಂಬಬೇಡಿ, ಮೂತಿ ಕಟ್ಟಿಕೊಂಡರೆ ಊದಿ. ಗೆರೆ ಎಳೆಯದಿರುವಾಗ ಮೂತಿ ಮೇಲ್ಮುಖವಾಗಿರಲಿ.

ರೇಷ್ಮೆಗೆ ಕೊನೆಯ ಕುದಿಯಲ್ಲಿ ಸೋಡಾ ಹಾಕಬೇಡಿ, ಎಳೆಯ ಹೊಳಪು ಸಾಯುತ್ತದೆ. ಮೇಣದಿಂದ ಹೊಗೆ ಎದ್ದರೆ ತಕ್ಷಣ ಒಲೆ ಆರಿಸಿ. ಬೆಂಕಿ ಹತ್ತಿದರೆ ನೀರು ಸುರಿಯಬಾರದು, ಮುಚ್ಚಳ ಮುಚ್ಚಬೇಕು. ಉರಿ ಇಲ್ಲದ ವಿದ್ಯುತ್ ಒಲೆಯೇ ಒಳ್ಳೆಯದು.

## ಕೊಳ್ಳುವುದು, ಉಡುವುದು

ಪ್ರಿಂಟನ್ನ ತುಲಿಸ್ ಅಂತ ಮಾರ್ತಾರಂತೆ. ಹೇಗೆ ಕಂಡುಹಿಡಿಯೋದು?

ಹಿಂಬದಿ ನೋಡಿ ಎಂಬುದು ಎಲ್ಲರೂ ಹೇಳುವ ಮಾತು. ಪ್ರಿಂಟಿನ ಹಿಂಬದಿ ಮಂಕು, ಅಸಲಿಯಲ್ಲಿ ಎರಡೂ ಬದಿ ಹೆಚ್ಚುಕಡಿಮೆ ಸಮ. ಇದು ಅರ್ಧ ಸತ್ಯ. ಈಗ ಮೇಣವನ್ನೇ ಸ್ಕ್ರೀನಿನಲ್ಲಿ ಮುದ್ರಿಸಿ ಬಣ್ಣಕ್ಕೆ ಅದ್ದುವವರಿದ್ದಾರೆ, ಅಂಥದರಲ್ಲಿ ಎರಡೂ ಬದಿ ಸಮವಾಗಿಯೇ ಇರುತ್ತದೆ.

ಹಾಗಾಗಿ ಚುಕ್ಕಿ ನೋಡಿ. ಒಂದೇ ಹೂವು ಬಟ್ಟೆಯಲ್ಲಿ ಬರುವ ಮೂರು ಜಾಗ ಹುಡುಕಿ, ಒಳಗಿನ ಚುಕ್ಕಿಗಳನ್ನು ಎಣಿಸಿ. ಕೈಕೆಲಸವಾದರೆ ಎಣಿಕೆ, ಅಂತರ, ಗಾತ್ರ ಕೂಡಿಬರುವುದಿಲ್ಲ. ಅಚ್ಚಿನದಾದರೆ ಹೂವು ಪಡಿಯಚ್ಚು, ಆದರೆ ಅಚ್ಚುಗಳು ಕೂಡುವ ಅಂಚಿನಲ್ಲಿ ತುಸು ಏರುಪೇರು. ಸ್ಕ್ರೀನಾದರೆ ಎಲ್ಲೂ ತಪ್ಪೇ ಇಲ್ಲ. ಮೇಣದ ವಾಸನೆಯನ್ನು ಒಂದೇ ಸಾಕ್ಷಿಯಾಗಿ ನಂಬಬೇಡಿ. ‘ಬಾಟಿಕ್ ಇಂಡೊನೇಷ್ಯಾ’ ಎಂಬ ಸರ್ಕಾರಿ ಲೇಬಲ್ 2007ರಿಂದ ಇದೆ, ಚಿನ್ನದ ಬಣ್ಣದ್ದು ತುಲಿಸ್‌ಗೆ. ಆದರೆ ಹಳ್ಳಿಯ ಚಿಕ್ಕ ತಯಾರಕರಲ್ಲಿ ಬಹಳ ಮಂದಿ ಅದರ ಗೋಜಿಗೆ ಹೋಗಿಲ್ಲ, ಆದ್ದರಿಂದ ಲೇಬಲ್ ಇಲ್ಲವೆಂದು ಅನುಮಾನಿಸಬೇಕಿಲ್ಲ.

ಹೇಗೆ ತೊಳೆಯಬೇಕು? ವಾಷಿಂಗ್ ಮಷೀನಿಗೆ ಹಾಕಬಹುದಾ?

ಬೇಡ. ಜಾವಾದವರು ಬಳಸುವುದು ಲೆರಾಕ್, ಅಂದರೆ ನಮ್ಮ ಅಂಟುವಾಳದ ಹತ್ತಿರದ ನೆಂಟ. ಹತ್ತು ಹನ್ನೆರಡು ಅಂಟುವಾಳದ ಬೀಜ ತೆಗೆದು, ಸಿಪ್ಪೆಯನ್ನು ಬಿಸಿನೀರಿನಲ್ಲಿ ನೆನೆಸಿ, ಕಿವುಚಿ ಸೋಸಿ, ಪೂರಾ ತಣ್ಣಗಾದ ಮೇಲೆ ಬಟ್ಟೆ ಅದ್ದಿ. ಉಜ್ಜಬಾರದು, ಹಿಂಡಬಾರದು. ನೆರಳಲ್ಲಿ ಅಗಲವಾಗಿ ಹರವಿ ಒಣಗಿಸಿ, ಮೇಲೊಂದು ಬಟ್ಟೆ ಹಾಸಿ ಇಸ್ತ್ರಿ ಮಾಡಿ. ಸೆಂಟನ್ನು ನೇರವಾಗಿ ಬಟ್ಟೆಗೆ ಹೊಡೆಯಬೇಡಿ. ಪೆಟ್ಟಿಗೆಯಲ್ಲಿಡಲು ಅವರೂ ಲಾವಂಚದ ಬೇರನ್ನೇ ಇಡುತ್ತಾರೆ. ನುಸಿಗುಳಿಗೆ ಬಟ್ಟೆಗೆ ತಾಗದಂತಿರಲಿ.

ಕೆಲವು ಡಿಸೈನ್ ರಾಜರಿಗೆ ಮಾತ್ರವಂತೆ. ನಾನು ಚೆಂದ ಅಂತ ಹಾಕ್ಕೊಂಡ್ರೆ ತಪ್ಪಾಗುತ್ತಾ?

ಬೀದಿಯಲ್ಲಿ ಏನೂ ಆಗದು, ಅರಮನೆಯಲ್ಲಿ ಆಗುತ್ತದೆ. ಸುರಕರ್ತಾದ (ಸೋಲೊದ ಇನ್ನೊಂದು ಹೆಸರು) ದೊರೆ ಮೂರನೆಯ ಪಾಕುಬುವೊನೊ 1769ರಲ್ಲಿ, ಯೋಗ್ಯಕರ್ತಾದ ಮೊದಲನೆಯ ಹಮೆಂಗ್ಕುಬುವೊನೊ 1785ರಲ್ಲಿ ಕೆಲವು ಡಿಸೈನ್‌ಗಳನ್ನು ಜನಸಾಮಾನ್ಯರಿಗೆ ನಿಷೇಧಿಸಿದರು. ಅವುಗಳಲ್ಲಿ ಓರೆಯಾಗಿ ಅಲೆ ಅಲೆಯಾಗಿ ಸಾಗುವ ಪರಾಂಗ್ ರುಸಕ್ ಎಲ್ಲಕ್ಕಿಂತ ಹೆಸರುವಾಸಿ. ಇವತ್ತು ಅದೇ ಪರಾಂಗ್ ಹೋಟೆಲಿನ ಕರವಸ್ತ್ರದಿಂದ ಹಿಡಿದು ರಾತ್ರಿಯುಡುಪಿನವರೆಗೆ ಎಲ್ಲೆಲ್ಲೂ ಇದೆ. ಆದರೂ ಯೋಗ್ಯಕರ್ತಾ ಅರಮನೆಯೊಳಗೆ ಅತಿಥಿಗಳು ಪರಾಂಗ್ ತೊಡುವಂತಿಲ್ಲ. 2022ರ ಡಿಸೆಂಬರಿನಲ್ಲಿ ಆಗಿನ ಅಧ್ಯಕ್ಷ ಜೋಕೊ ವಿದೊದೊ ಅವರ ಕಿರಿಯ ಮಗನ ಮದುವೆಯ ಕಾರ್ಯಕ್ರಮ ಸೋಲೊದ ಮಂಕುನೆಗರನ್ ಅರಮನೆಯಲ್ಲಿ ನಡೆದಾಗಲೂ ಪರಾಂಗ್ ಉಟ್ಟು ಬರಬೇಡಿ ಎಂದು ಅತಿಥಿಗಳಿಗೆ ಮೊದಲೇ ತಿಳಿಸಿದ್ದರು. ರಾಜ್ಯಾಧಿಕಾರ ಗಣರಾಜ್ಯದ್ದಾದರೂ ಅರಮನೆಯ ಗೇಟಿನೊಳಗಿನ ಮರ್ಯಾದೆ ಅರಮನೆಯದೇ.

ಜಾವಾದ ಮನೆಯೊಂದರಲ್ಲಿ ಸಮಾರಂಭಕ್ಕೆ ಕರೆದಿದ್ದಾರೆ. ಏನು ಉಟ್ಟುಕೊಂಡು ಹೋಗಲಿ?

ಮದುವೆಗಾದರೆ ಪರಾಂಗ್ ಬಿಡಿ. ದಂಪತಿಗಳಲ್ಲಿ ಜಗಳ ತರುತ್ತದೆ ಎಂಬ ನಂಬಿಕೆ ಹಿರಿಯರಲ್ಲಿದೆ. ಸಿದೊಮುಕ್ತಿ, ಸಿದೊಲುಹುರ್ ಎಂಬ ಡಿಸೈನ್‌ಗಳು ವಧೂವರರದು, ನಕ್ಷತ್ರದಂಥ ಪುಟ್ಟ ಹೂಗಳ ತ್ರುಂತುಂ ಅವರ ತಂದೆತಾಯಿಯರದು. ಸ್ಲೊಬೊಗ್ ಸಾವಿನ ಮನೆಯದು, ಅದನ್ನಂತೂ ಉಟ್ಟು ಹೋಗಬೇಡಿ. ಕರಾವಳಿಯ ಹೂಬಳ್ಳಿ, ಹಕ್ಕಿ, ಚಿರೆಬೊನ್‌ನ ಮೋಡದ ಡಿಸೈನ್ ಎಲ್ಲಿಗೂ ನಡೆಯುತ್ತದೆ. ಗಂಡಸರಿಗೆ ಉದ್ದತೋಳಿನ ಬಾಟಿಕ್ ಅಂಗಿ ಸಾಕು, ಕೋಟು ಬೇಕಿಲ್ಲ.

ನಮ್ಮ ಸೀಮಂತದಂಥ ಮಿತೊನಿ ಏಳನೆಯ ತಿಂಗಳಲ್ಲಿ ನಡೆಯುತ್ತದೆ. ಬಸುರಿಗೆ ಒಂದಾದ ಮೇಲೊಂದು ಬಟ್ಟೆ ಉಡಿಸುತ್ತಾರೆ, ಸೇರಿದ ಹೆಂಗಸರು ಪ್ರತಿಸಲವೂ ‘ಒಪ್ಪಲಿಲ್ಲ’ ಎನ್ನುತ್ತಾರೆ. ಏಳನೆಯದಕ್ಕೆ ಒಪ್ಪುತ್ತಾರೆ. ಅದು ಸಾಮಾನ್ಯವಾಗಿ ಬಾಟಿಕ್ ಅಲ್ಲ, ಲೂರಿಕ್ ಎಂಬ ಸಾದಾ ಪಟ್ಟೆಯ ನೇಯ್ಗೆ.

## ಬಟ್ಟೆ, ದುಡಿಮೆ, ದೇಶ

ಶುಕ್ರವಾರ ಇಡೀ ಆಫೀಸು ಬಾಟಿಕ್ ಹಾಕ್ಕೊಂಡು ಬರುತ್ತೆ. ಇದು ಹಳೇ ಪದ್ಧತಿನಾ?

ಹಳೆಯದಲ್ಲ. ಬಾಟಿಕ್ ಹಿಂದೆ ಸುತ್ತಿಕೊಳ್ಳುವ ಬಟ್ಟೆಯಾಗಿತ್ತು, ಹೊಲಿದ ಅಂಗಿಯಾದದ್ದು ಇತ್ತೀಚೆಗೆ. 1950ರ ದಶಕದಲ್ಲಿ ಇಂಡೊನೇಷ್ಯಾದ ಮೊದಲ ಅಧ್ಯಕ್ಷ ಸುಕರ್ಣೊ, ಸೋಲೊದ ಗೊ ತಿಕ್ ಸ್ವಾನ್ ಎಂಬ ಚೀನೀ ಮೂಲದ ಕಲಾವಿದರಿಂದ ಒಳನಾಡಿನ ಡಿಸೈನಿಗೆ ಕರಾವಳಿಯ ಬಣ್ಣ ಬೆರೆಸಿದ ‘ಬಾಟಿಕ್ ಇಂಡೊನೇಷ್ಯಾ’ ಮಾಡಿಸಿದರು. 1970ರ ದಶಕದ ಮೊದಲಲ್ಲಿ ಜಕಾರ್ತದ ಗವರ್ನರ್ ಅಲಿ ಸಾದಿಕಿನ್ ಉದ್ದತೋಳಿನ ಬಾಟಿಕ್ ಅಂಗಿಯನ್ನು ಔಪಚಾರಿಕ ಉಡುಪೆಂದು ಸಾರಿದರು. ಸೆಕೆಯ ಊರಿನಲ್ಲಿ ಕೋಟು ಟೈ ತಪ್ಪಿದ್ದರಿಂದ ಎಲ್ಲರಿಗೂ ಸಮಾಧಾನ. 2009ರ ಅಕ್ಟೋಬರ್ 2ರಂದು ಇಂಡೊನೇಷ್ಯಾದ ಬಾಟಿಕ್ ಯುನೆಸ್ಕೊದ ಪರಂಪರೆಯ ಪಟ್ಟಿಗೆ ಸೇರಿತು, ಆ ದಿನ ಈಗ ರಾಷ್ಟ್ರೀಯ ಬಾಟಿಕ್ ದಿನ. ಅಲ್ಲಿಂದೀಚೆಗೆ ಆಫೀಸು, ಬ್ಯಾಂಕು, ಶಾಲೆ ಎಲ್ಲ ಕಡೆ ಬಾಟಿಕ್ ದಿನಗಳು ಹೆಚ್ಚಿದವು.

ಇಷ್ಟು ಬೇಡಿಕೆ ಇದ್ರೆ ಮೇಣದ ಕೆಲಸ ಮಾಡೋ ಹೆಂಗಸರು ಯಾಕೆ ಕಮ್ಮಿ ಆಗ್ತಿದ್ದಾರೆ?

ಬೇಡಿಕೆ ಇರುವುದು ಡಿಸೈನಿಗೆ, ಮೇಣಕ್ಕಲ್ಲ. ಕಚೇರಿಯ ಸಮವಸ್ತ್ರ, ಶಾಲೆಯ ಅಂಗಿ ಬಹುಪಾಲು ಪ್ರಿಂಟು. 1970ರ ದಶಕದಲ್ಲಿ ಸ್ಕ್ರೀನ್ ಪ್ರಿಂಟ್ ಬಂದಾಗ ಮೊದಲು ಬಿದ್ದದ್ದು ಸೋಲೊದ ಲವೆಯಾನ್. ಒಂದು ಕಾಲಕ್ಕೆ ಅದು ಶ್ರೀಮಂತ ಬಾಟಿಕ್ ವರ್ತಕರ ಕೇರಿ. ವ್ಯವಹಾರದ ಕೀಲಿಕೈ ‘ಎಂಬೊಕ್ ಮಾಸೆ’ ಎಂದು ಕರೆಸಿಕೊಳ್ಳುತ್ತಿದ್ದ ಯಜಮಾನಿಯರ ಸೊಂಟದಲ್ಲಿರುತ್ತಿತ್ತು. ಡಚ್ಚರ ಕಾಲದ ಸರೇಕತ್ ಇಸ್ಲಾಂ ಎಂಬ ಮುಸ್ಲಿಂ ಚಳವಳಿಯ ಬೀಜ ಬಿತ್ತಿದ ಹಾಜಿ ಸಮನ್‌ಹುದಿ ಅಲ್ಲಿಯ ಬಾಟಿಕ್ ವ್ಯಾಪಾರಿಯೇ. 2004ರಲ್ಲಿ ಅದನ್ನು ಬಾಟಿಕ್ ಗ್ರಾಮವೆಂದು ಎತ್ತಿನಿಲ್ಲಿಸಿದ ಮೇಲೆ ಮತ್ತೆ ಸ್ವಲ್ಪ ಜೀವ ಬಂತು.

ಇನ್ನು ಕೂಲಿ. ಮನೆಯಲ್ಲಿ ಕೂತು ಮೇಣ ಹಾಕುವವರಿಗೆ ಸಿಗುವುದು ಬೊರೊಂಗನ್, ಅಂದರೆ ಬಟ್ಟೆಗಿಷ್ಟು ಎಂಬ ಗುತ್ತಿಗೆ. ದಿನದ ಲೆಕ್ಕಕ್ಕೆ ಇಳಿಸಿದರೆ ಅದು ಗಾರ್ಮೆಂಟ್ ಫ್ಯಾಕ್ಟರಿಯ ಸಂಬಳದ ಹತ್ತಿರಕ್ಕೂ ಬರುವುದಿಲ್ಲ. ಮಗಳು ಫ್ಯಾಕ್ಟರಿಗೆ ಹೋದರೆ ಅವಳನ್ನು ದೂರಲಾಗದು. ಇದನ್ನು ‘ಯುವಜನರಿಗೆ ಆಸಕ್ತಿಯಿಲ್ಲ’ ಎಂದು ಬರೆಯುವವರು ಲೆಕ್ಕದ ಪುಸ್ತಕ ನೋಡಿಲ್ಲ.

ಬದಲಾದ ಕಡೆ ಏನಾಯಿತೆಂದು ಯೋಗ್ಯಕರ್ತಾದ ಹತ್ತಿರ ಇಮೊಗಿರಿಯ ಗಿರಿಲೊಯೊ ಹಳ್ಳಿಯಲ್ಲಿ ನೋಡಬಹುದು. ಅಲ್ಲಿಯ ಹೆಂಗಸರು ತಲೆತಲಾಂತರದಿಂದ ಮೇಣ ಮಾತ್ರ ಹಾಕಿ, ಬಣ್ಣ ಕಾಣದ ಬಟ್ಟೆಯನ್ನೇ ಯೋಗ್ಯಕರ್ತಾದ ವರ್ತಕರಿಗೆ ಒಪ್ಪಿಸುತ್ತಿದ್ದರು. ಲಾಭವೆಲ್ಲ ಬಣ್ಣ ಹಾಕಿ ಮಾರುವವನದು. 2006ರ ಮೇ 27ರ ಭೂಕಂಪದಲ್ಲಿ ಮನೆಗಳು ಉರುಳಿದ ಮೇಲೆ ನೆರವಿನ ತರಬೇತಿಯಲ್ಲಿ ಬಣ್ಣ ಹಾಕುವುದನ್ನೂ ಕಲಿತು, ಗುಂಪು ಕಟ್ಟಿ ತಾವೇ ಮಾರತೊಡಗಿದರು. ಕೈ ಅದೇ, ಮೇಣ ಅದೇ. ಕೊನೆಯ ಎರಡು ಹಂತ ಯಾರ ಅಂಗಳದಲ್ಲಿ ನಡೆಯುತ್ತದೆ ಎಂಬುದಷ್ಟೇ ಬದಲಾಯಿತು. ಕೊಳ್ಳುವಾಗ ‘ಬಣ್ಣ ಎಲ್ಲಿ ಹಾಕಿದ್ದು?’ ಎಂದು ಕೇಳಿ.

ಜಾವಾದ ಬಟ್ಟೆಯನ್ನ ಇಡೀ ದೇಶದ ಮೇಲೆ ಹೇರಿದ್ದಲ್ವಾ ಇದು?

ಆ ದೂರು ಅಲ್ಲಿಯೂ ಇದೆ, ಅದರಲ್ಲಿ ಹುರುಳೂ ಇದೆ. ಸುಂಬಾ, ಫ್ಲೋರೆಸ್‌ನಲ್ಲಿ ಎಳೆಗೇ ಬಣ್ಣ ಕಟ್ಟಿ ನೇಯುವ ಇಕತ್, ಸುಮಾತ್ರದ ಬತಕ್ ಜನರ ಉಲೊಸ್, ಪಲೆಂಬಾಂಗಿನ ಜರಿಯ ಸೊಂಗ್ಕೆಟ್, ಎಲ್ಲ ನೇಯ್ಗೆಯ ಪರಂಪರೆಗಳು. ರಾಷ್ಟ್ರೀಯ ಉಡುಪೆಂದರೆ ಬಾಟಿಕ್ ಎಂದಾದಾಗ ಅವೆಲ್ಲ ‘ಪ್ರಾದೇಶಿಕ’ವಾದವು. ಪಪುವಾದಲ್ಲಂತೂ ಸ್ವರ್ಗಪಕ್ಷಿಯ ಚಿತ್ರ ಹಾಕಿ ‘ಪಪುವಾ ಬಾಟಿಕ್’ ಎಂದರು. ಈಚೆಗೆ ಹಲವು ಪ್ರಾಂತಗಳು ಕಚೇರಿಯ ಕೆಲವು ದಿನಗಳನ್ನು ತಮ್ಮ ನೇಯ್ಗೆಗೆ ಬಿಟ್ಟುಕೊಟ್ಟಿವೆ. ಮಗ್ಗದವರಿಗೆ ಭಾಷಣಕ್ಕಿಂತ ಅದರಿಂದ ಉಪಯೋಗ ಹೆಚ್ಚು.

ಯುನೆಸ್ಕೊ ಕೊಟ್ಟ ಮೇಲೆ ಮಲೇಷ್ಯಾದವರು ಬಾಟಿಕ್ ಮಾಡೋ ಹಾಗಿಲ್ವಾ?

ಧಾರಾಳವಾಗಿ ಮಾಡಬಹುದು. ಆ ಪಟ್ಟಿ ಪೇಟೆಂಟಲ್ಲ, ಮಾಲೀಕತ್ವದ ಪತ್ರವೂ ಅಲ್ಲ. ಪರಂಪರೆಯನ್ನು ಉಳಿಸಿಕೊಳ್ಳುತ್ತೇವೆಂದು ಆ ದೇಶ ಒಪ್ಪಿಕೊಂಡ ಹೊಣೆ. ಆ ಹೊತ್ತಿನಲ್ಲಿ ಎರಡೂ ದೇಶಗಳ ನಡುವೆ ಹುಟ್ಟಿದ ಸಿಟ್ಟಿನಿಂದ ಲಾಭವಾದದ್ದು ಪ್ರಿಂಟ್ ಗಿರಣಿಗಳಿಗೆ.

ಸಹಜ, ಪರಿಸರಸ್ನೇಹಿ ಅಂತ ಮಾರ್ತಾರೆ. ಆದ್ರೆ ನೆರೆನೀರು ರಕ್ತದ ಹಾಗೆ ಕೆಂಪಾಗಿದ್ದ ಫೋಟೊ ನೋಡಿದೆ. ಏನದು?

ಅದು 2021ರ ಫೆಬ್ರವರಿ, ಪೆಕಲೋಂಗನ್‌ನ ಜೆಂಗೊಟ್. ನೆರೆಯ ನೀರಿಗೆ ಬಾಟಿಕ್ ಬಣ್ಣ ಸೇರಿ ಬೀದಿಯೆಲ್ಲ ಕೆಂಪಾಗಿತ್ತು. ಫೋಟೊ ಅಪರೂಪದ್ದಾದರೂ ಕಾರಣ ದಿನನಿತ್ಯದ್ದು. ಅಲ್ಲಿ ಮನೆಮನೆಯೂ ಕಾರ್ಖಾನೆ. ಬಣ್ಣದ ತೊಟ್ಟಿ ಹಿತ್ತಲಲ್ಲಿ, ಹಿತ್ತಲಿನ ಚರಂಡಿ ಹೊಳೆಗೆ. ನಾಫ್ತಾಲ್, ಸೋಡಾ, ಮೇಣದ ಚೂರು ಎಲ್ಲ ಒಟ್ಟಿಗೆ ಹೋಗುತ್ತವೆ. ಮೇಣ ಮೊದಲು ಸೋಸದಿದ್ದರೆ ಶುದ್ಧೀಕರಣ ಘಟಕದ ಕೊಳವೆಗಳೇ ಕಟ್ಟಿಕೊಳ್ಳುತ್ತವೆ. ಮೇಲಾಗಿ ಆ ಊರಿನ ನೆಲವೇ ಕುಸಿಯುತ್ತಿದೆ, ‘ರೊಬ್’ ಎಂಬ ಕಡಲನೀರು ಮನೆಯೊಳಗೆ ಬರುತ್ತದೆ. ನೆಲ ಕುಸಿತಕ್ಕೆ ಅಂತರ್ಜಲ ಎತ್ತುವುದೂ ಒಂದು ಕಾರಣ, ಬಣ್ಣದ ಕೆಲಸಕ್ಕೆ ನೀರಿಲ್ಲದೆ ಆಗದು.

ಗಿಡದ ಬಣ್ಣವೆಂದರೆ ಪೂರಾ ನಿರುಪದ್ರವಿ ಎಂದೂ ಅಲ್ಲ. ಬಣ್ಣ ಕಚ್ಚಿಸಲು ಸ್ಫಟಿಕ (ಆಲಂ), ಸುಣ್ಣ, ಕಬ್ಬಿಣದ ಉಪ್ಪು ಬೇಕು. ತಿಂಗಿ ತೊಗಟೆಗೆ ಕಾಂಡ್ಲಾ ಮರ ಸುಲಿಯಬೇಕು.

ಈಗ ಕಂಪ್ಯೂಟರಲ್ಲೇ ಡಿಸೈನ್ ಬರುತ್ತಂತೆ, ಮೇಣ ಹಾಕೋಕೂ ಮಷೀನ್ ಇದೆಯಂತೆ. ಅದನ್ನ ಬಾಟಿಕ್ ಅನ್ನಬಹುದಾ?

ಡಿಸೈನ್ ಎಲ್ಲಿಂದ ಬಂತೆಂಬುದು ಯಾವ ಕಾಲಕ್ಕೂ ಅಳತೆಗೋಲು ಆಗಿರಲಿಲ್ಲ. ಪೆಕಲೋಂಗನ್‌ನಲ್ಲಿ ಎಲಿಜಾ ವಾನ್ ಜೌಲೆನ್ ಅವರಂಥ ಇಂಡೊ–ಯುರೋಪಿಯನ್ ಹೆಂಗಸರ ಕಾರ್ಖಾನೆಗಳು ಯುರೋಪಿನ ಹೂಗುಚ್ಛಗಳನ್ನು ಬಟ್ಟೆಗಿಳಿಸಿದವು. ಜಪಾನೀ ಆಡಳಿತದ 1942–45ರಲ್ಲಿ ಚಿಟ್ಟೆ, ಚೆರ್ರಿ ಹೂ ತುಂಬಿದ ಹೊಕೊಕಾಯ್ ಬಂತು. ಬಟ್ಟೆಯ ಬರಗಾಲದಲ್ಲಿ ಒಂದೇ ಬಟ್ಟೆಗೆ ಬೆಳಿಗ್ಗೆಗೊಂದು, ಸಂಜೆಗೊಂದು ಡಿಸೈನ್ ಹಾಕಿದರು. ಬಾಂಡುಂಗಿನ ಜೆಬಾಟಿಕ್ ಎಂಬ ತಂತ್ರಾಂಶ ಒಂದೇ ಆಕಾರ ಚಿಕ್ಕದಾಗಿ ಮರುಕಳಿಸುತ್ತ ಹೋಗುವ ಫ್ರ್ಯಾಕ್ಟಲ್ ಗಣಿತದಿಂದ ಹೊಸ ಡಿಸೈನ್ ಹುಟ್ಟಿಸುತ್ತದೆ, ಅದನ್ನು ಮೇಣದ ಕೈಗೆ ಕೊಟ್ಟರೆ ಆಗುವುದು ಬಾಟಿಕ್ಕೇ.

ಮೇಣ ಹಾಕುವ ಯಂತ್ರದ ವಿಷಯ ಬೇರೆ. ಬಟ್ಟೆಯ ಮೇಲೆ ಚಾಂಟಿಂಗ್ ಮೂತಿಯನ್ನು ಗಣಕ ನಡೆಸುತ್ತದೆ. ಮೇಣ ಅಸಲಿ, ಬಣ್ಣ ಅಸಲಿ, ಕೈ ಇಲ್ಲ. 2014ರ ಮಾನದಂಡದಲ್ಲಿ ‘ಕೈಕೆಲಸ’ ಎಂಬ ಮಾತಿರುವುದರಿಂದ ಅದನ್ನು ತುಲಿಸ್ ಎಂದು ಮಾರುವುದು ತಪ್ಪು. ಗೆರೆಗೆ ಯಂತ್ರ, ಚುಕ್ಕಿಗೆ ಕೈ ಎಂದು ಬೆರೆಸಿದರೆ ಆ ಬೆರಕೆಯನ್ನು ಚೀಟಿಯಲ್ಲಿ ಬರೆದು ಮಾರಲಿ. ಬಟ್ಟೆ ತಿರುಗಿಸಿ ಹಿಂದೆಯೂ ಮೇಣ ಹಾಕುವ ಕೆಲಸವಿದೆಯಲ್ಲ, ಯಂತ್ರಕ್ಕೆ ಅದು ಇನ್ನೂ ಕಷ್ಟ: ಒಂದು ಮಿಲಿಮೀಟರ್ ಸರಿದರೆ ಗೆರೆ ಜೋಡಿಯಾಗುತ್ತದೆ, ಬಟ್ಟೆ ಎರಡನೆಯ ದರ್ಜೆಗೆ ಇಳಿಯುತ್ತದೆ.